ಏಳು ಮೂಳೆಯ ಕತ್ತು

ನೆಲದ ಮೇಲೆ ಓಡಾಡುವ ಪ್ರಾಣಿಗಳಲ್ಲಿ ಜಿರಾಫೆಯಷ್ಟು ಎತ್ತರದ್ದು ಇನ್ನೊಂದಿಲ್ಲ. ಪೂರ್ತಿ ಬೆಳೆದ ಗಂಡು 18 ಅಡಿ ಮುಟ್ಟುತ್ತದೆ, ಹೆಣ್ಣು 14–15 ಅಡಿ. ಗಂಡಿನ ತೂಕ ಸರಾಸರಿ 1,200 ಕಿಲೊ, ಹೆಣ್ಣಿನದು 800 ಕಿಲೊ ಆಸುಪಾಸು. ಈ ಎತ್ತರದಲ್ಲಿ ಆರಡಿಯಷ್ಟು ಕಾಲಿನ ಪಾಲು, ಇನ್ನೊಂದು ಆರಡಿ ಕತ್ತಿನ ಪಾಲು. ಇಷ್ಟುದ್ದದ ಕತ್ತಿನೊಳಗೆ ಇರುವ ಮೂಳೆ ಏಳೇ. ಮನುಷ್ಯನಿಗೂ ಇಲಿಗೂ ಆನೆಗೂ ಕತ್ತಿನಲ್ಲಿ ಅಷ್ಟೇ ಮೂಳೆ. ಸ್ತನಿಗಳಲ್ಲಿ ಸ್ಲಾತ್, ಮ್ಯಾನಟಿಯಂಥ ಒಂದೆರಡನ್ನು ಬಿಟ್ಟರೆ ಈ ಲೆಕ್ಕ ತಪ್ಪುವುದಿಲ್ಲ. ಜಿರಾಫೆಯಲ್ಲಿ ಒಂದೊಂದು ಮೂಳೆಯೂ 25 ಸೆಂಟಿಮೀಟರಿಗಿಂತ ಉದ್ದ, ಒಂದು ಗೇಣಿಗೂ ಮಿಕ್ಕಿದ್ದು. ಅವುಗಳ ಕೀಲುಗಳು ಗುಂಡು ಮತ್ತು ಬಟ್ಟಲಿನ ಆಕಾರದಲ್ಲಿ ಒಂದಕ್ಕೊಂದು ಕೂತಿರುವುದರಿಂದ ಕತ್ತು ಸಲೀಸಾಗಿ ಬಾಗುತ್ತದೆ. ಎದೆಗೂಡಿನ ಮೊದಲ ಮೂಳೆಯೂ ಸ್ವಲ್ಪ ಮಟ್ಟಿಗೆ ಕತ್ತಿನ ಮೂಳೆಯಂತೆಯೇ ಅಲುಗಾಡುತ್ತದೆಂದು ಜಪಾನಿನ ಸಂಶೋಧಕರು 2016ರಲ್ಲಿ ತೋರಿಸಿದರು.

ಎತ್ತರವೇನೋ ದಕ್ಕಿತು. ಅದನ್ನು ಉಳಿಸಿಕೊಳ್ಳಲು ದೇಹದ ಒಂದೊಂದು ಅಂಗವೂ ದುಡಿಯಬೇಕಾಗಿದೆ. ಎಲ್ಲಕ್ಕಿಂತ ದೊಡ್ಡ ಹೊರೆ ಹೃದಯದ ಮೇಲೆ. ಎದೆಯಿಂದ ಮಿದುಳಿಗೆ ಸುಮಾರು ಎರಡು ಮೀಟರ್ ನೆಟ್ಟಗೆ ಮೇಲಕ್ಕೆ ರಕ್ತ ಹತ್ತಬೇಕು. ಅದಕ್ಕಾಗಿ ಜಿರಾಫೆಯ ರಕ್ತದೊತ್ತಡ ಮನುಷ್ಯನದರ ಎರಡು ಪಟ್ಟಿನಷ್ಟಿರುತ್ತದೆ. ಈ ಪ್ರಾಣಿಗೆ ದೇಹಕ್ಕೆ ಮೀರಿದ ಭಾರಿ ಹೃದಯವಿದೆ ಎಂಬ ಮಾತು ಬಹುಕಾಲ ಪುಸ್ತಕಗಳಲ್ಲಿತ್ತು. ತೂಗಿ ನೋಡಿದಾಗ ದೇಹದ ತೂಕಕ್ಕೆ ಹೋಲಿಸಿದರೆ ಅದು ಬೇರೆ ಸ್ತನಿಗಳ ಹೃದಯದಷ್ಟೇ ಎಂದು ತಿಳಿಯಿತು. ವ್ಯತ್ಯಾಸ ಇರುವುದು ಗೋಡೆಯಲ್ಲಿ. ರಕ್ತವನ್ನು ಹೊರಕ್ಕೆ ನೂಕುವ ಎಡಭಾಗದ ಸ್ನಾಯುಗೋಡೆ ಬಹಳ ದಪ್ಪ, ಒಳಗಿನ ಕೋಣೆ ಕಿರಿದು. ಕರು ಬೆಳೆದು ಕತ್ತು ಉದ್ದವಾದಂತೆ ಈ ಗೋಡೆಯೂ ದಪ್ಪವಾಗುತ್ತ ಹೋಗುತ್ತದೆ.

ನೀರು ಕುಡಿಯುವ ಹೊತ್ತಿನಲ್ಲಿ ಸಮಸ್ಯೆ ತಿರುಗುಮುರುಗಾಗುತ್ತದೆ. ಕತ್ತು ಇಷ್ಟುದ್ದವಿದ್ದರೂ ಕಾಲು ಇನ್ನೂ ಎತ್ತರವಾದ್ದರಿಂದ ಬಾಯಿ ನೆಲಕ್ಕೆ ಎಟುಕುವುದಿಲ್ಲ. ಜಿರಾಫೆ ಮುಂಗಾಲುಗಳನ್ನು ಅತ್ತಿತ್ತ ಅಗಲಿಸಿ, ಇಲ್ಲವೇ ಮಂಡಿ ಮಡಿಸಿ, ತಲೆ ಕೆಳಗೆ ಚಾಚುತ್ತದೆ. ಕ್ಷಣದ ಹಿಂದೆ ಹೃದಯಕ್ಕಿಂತ ಎರಡು ಮೀಟರ್ ಮೇಲಿದ್ದ ಮಿದುಳು ಈಗ ಅದಕ್ಕಿಂತ ಎಷ್ಟೋ ಕೆಳಗೆ. ಅಷ್ಟು ಒತ್ತಡದ ರಕ್ತ ಹಾಗೇ ನುಗ್ಗಿದರೆ ಮಿದುಳಿನ ನಾಳಗಳು ಉಳಿಯಲಾರವು. ಹಾಗಾಗದಂತೆ ಮಿದುಳಿನ ಬುಡದಲ್ಲಿ ಸಣ್ಣ ಸಣ್ಣ ಅಪಧಮನಿಗಳ ಒಂದು ಬಲೆಯಿದ್ದು, ರಕ್ತ ಅದರ ಮೂಲಕವೇ ಸಾಗಬೇಕು. ಕತ್ತಿನ ದೊಡ್ಡ ಅಭಿಧಮನಿಯಲ್ಲಿ ಸಾಲು ಕವಾಟಗಳಿದ್ದು, ಹೃದಯಕ್ಕೆ ಮರಳುತ್ತಿದ್ದ ರಕ್ತ ತಲೆಯ ಕಡೆ ಹಿಂದಕ್ಕೆ ಇಳಿಯದಂತೆ ತಡೆಯುತ್ತವೆ. ಕುಡಿದು ಮುಗಿಸಿ ತಲೆಯನ್ನು ಸರ್ರನೆ ಮೇಲೆತ್ತಿದಾಗಲೂ ಜಿರಾಫೆ ತಲೆ ಸುತ್ತಿ ಬೀಳುವುದಿಲ್ಲ.

ಕಾಲುಗಳ ಕಷ್ಟ ಬೇರೆ. ಎಲ್ಲಕ್ಕಿಂತ ಕೆಳಗಿರುವ ಅವುಗಳ ಮೇಲೆ ರಕ್ತದ ಭಾರ ಸದಾ ಇರುತ್ತದೆ. ಮನುಷ್ಯರಲ್ಲಿ ಹೀಗಾದರೆ ಪಾದ ಬಾತುಕೊಳ್ಳುತ್ತದೆ. ಜಿರಾಫೆಯ ಮಂಡಿಯ ಕೆಳಗಿನ ಚರ್ಮ ಮತ್ತು ಅದರಡಿಯ ಪೊರೆ ಉಬ್ಬಿದ ನಾಳಗಳಿರುವವರಿಗೆ ವೈದ್ಯರು ಹಾಕಿಸುವ ಬಿಗಿ ಕಾಲುಚೀಲದಂತೆ ಒಳಗಿನದನ್ನೆಲ್ಲ ಅದುಮಿ ಹಿಡಿದಿವೆ. ಮಂಡಿಯ ಬಳಿ ಅಪಧಮನಿ ಒಮ್ಮೆಲೇ ಕಿರಿದಾಗಿ ಒತ್ತಡ ತಗ್ಗುತ್ತದೆ. ಜೀವಮಾನವಿಡೀ ಇಂಥ ರಕ್ತದೊತ್ತಡ ಹೊತ್ತೂ ಇದರ ಹೃದಯ, ಮೂತ್ರಪಿಂಡಗಳು ಹೇಗೆ ಹಾಳಾಗದೆ ಉಳಿಯುತ್ತವೆ ಎಂಬುದು ವೈದ್ಯವಿಜ್ಞಾನಕ್ಕೂ ಬೇಕಾದ ಪ್ರಶ್ನೆ. ಜಿರಾಫೆಯಲ್ಲಿ ವಿಶೇಷವಾಗಿ ಮಾರ್ಪಟ್ಟಿರುವ ಎಫ್‌ಜಿಎಫ್‌ಆರ್‌ಎಲ್‌1 ಎಂಬ ವಂಶವಾಹಿಯ ಮಾದರಿಯನ್ನು ಇಲಿಗಳಲ್ಲಿ ರೂಪಿಸಿ ಪರೀಕ್ಷಿಸಿದ ಫಲಿತಾಂಶ 2021ರಲ್ಲಿ ಪ್ರಕಟವಾಯಿತು. ರಕ್ತದೊತ್ತಡ ಏರಿಸುವ ಔಷಧ ಕೊಟ್ಟಾಗ ಸಾಮಾನ್ಯ ಇಲಿಗಳ ಹೃದಯ, ಮೂತ್ರಪಿಂಡಗಳಿಗೆ ಪೆಟ್ಟು ಬಿತ್ತು. ಮಾರ್ಪಟ್ಟ ಇಲಿಗಳಿಗೆ ಅಷ್ಟಾಗಿ ತಟ್ಟಲಿಲ್ಲ. ಅವುಗಳ ಮೂಳೆಗಳೂ ಹೆಚ್ಚು ಗಟ್ಟಿಯಾಗಿದ್ದವು.

ಕತ್ತಿನೊಳಗೆ ವಿಕಾಸದ ಇತಿಹಾಸ ಹೇಳುವ ಒಂದು ನರವಿದೆ. ಮಿದುಳಿನಿಂದ ಧ್ವನಿಪೆಟ್ಟಿಗೆಗೆ ಹೋಗಬೇಕಾದ ಈ ನರ ನೇರ ಹೋಗುವುದಿಲ್ಲ; ಕತ್ತಿನುದ್ದಕ್ಕೂ ಇಳಿದು, ಎದೆಯಲ್ಲಿ ಮಹಾಪಧಮನಿಯನ್ನು ಬಳಸಿ, ಮತ್ತೆ ಅಷ್ಟೇ ದೂರ ಹತ್ತಿ ಗಂಟಲಿಗೆ ಬರುತ್ತದೆ. ಒಟ್ಟು ಉದ್ದ ನಾಲ್ಕು ಮೀಟರಿಗೂ ಹೆಚ್ಚು. ಮನುಷ್ಯನಲ್ಲೂ ಈ ನರ ಇದೇ ದಾರಿ ಹಿಡಿಯುತ್ತದೆ. ಕತ್ತೇ ಇಲ್ಲದ ಮೀನಿನಂಥ ಪೂರ್ವಜರಲ್ಲಿ ಅದು ರಕ್ತನಾಳದ ಹಿಂದೆ ಹಾದುಹೋಗುತ್ತಿದ್ದುದು ನೇರ ದಾರಿಯೇ ಆಗಿತ್ತು. ಕತ್ತು ಬೆಳೆದಂತೆ ನರ ನಾಳಕ್ಕೆ ಸಿಕ್ಕಿಕೊಂಡೇ ಹಿಗ್ಗಿತು. ಹೊಸದಾಗಿ ನಕ್ಷೆ ಬರೆದು ಕಟ್ಟುವ ಅವಕಾಶ ವಿಕಾಸಕ್ಕಿಲ್ಲ, ಇದ್ದುದನ್ನೇ ಎಳೆದು ತಿದ್ದಬೇಕು ಎಂಬುದಕ್ಕೆ ಇಷ್ಟು ಸ್ಪಷ್ಟವಾದ ಸಾಕ್ಷಿ ಇನ್ನೊಂದು ಸಿಗುವುದು ಕಷ್ಟ.

ಇಂದು ಜಿರಾಫೆಗೆ ಹತ್ತಿರದ ಬಂಧು ಒಂದೇ ಒಂದು: ಕಾಂಗೊದ ದಟ್ಟ ಮಳೆಕಾಡಿನ ಒಕಾಪಿ. ಗಿಡ್ಡ ಕತ್ತು, ಕಾಲುಗಳ ಮೇಲೆ ಬಿಳಿ ಪಟ್ಟೆ. 1901ರವರೆಗೂ ಅದು ವಿಜ್ಞಾನಿಗಳ ಕಣ್ಣಿಗೆ ಬಿದ್ದಿರಲಿಲ್ಲ. ಹಿಂದೆ ಈ ಕುಟುಂಬ ದೊಡ್ಡದಿತ್ತು, ಭಾರತದಲ್ಲೂ ಹರಡಿತ್ತು. ಶಿವಾಲಿಕ್ ಬೆಟ್ಟಗಳಲ್ಲಿ ಸಿಕ್ಕ ಒಂದು ಬೃಹತ್ ಪ್ರಾಣಿಯ ತಲೆಬುರುಡೆಯನ್ನು ಹ್ಯೂ ಫಾಲ್ಕನರ್ ಮತ್ತು ಪ್ರೋಬಿ ಕಾಟ್ಲಿ 1836ರಲ್ಲಿ ವರ್ಣಿಸಿ, ಶಿವನ ಹೆಸರಿನಲ್ಲೇ ಅದನ್ನು ಶಿವಾಥೀರಿಯಮ್ ಎಂದು ಕರೆದರು. ಆನೆಯಂಥ ಮೈಕಟ್ಟು, ತಲೆಯ ಮೇಲೆ ಅಗಲವಾದ ಕೊಂಬು, ಗಿಡ್ಡ ಕತ್ತು. ಆದರೂ ಅದು ಜಿರಾಫೆಯ ಕುಲದ್ದೇ. ಗುಜರಾತಿನ ಪಿರಮ್ ದ್ವೀಪದಲ್ಲಿ ಸಿಕ್ಕ ಬ್ರಹ್ಮಾಥೀರಿಯಮ್ ಕೂಡ ಅದೇ ಮನೆತನ. ಸುಮಾರು 70 ಲಕ್ಷ ವರ್ಷಗಳ ಹಿಂದಿನ ಸಾಮೊಥೀರಿಯಮ್ ಎಂಬ ಪ್ರಾಣಿಯ ಕತ್ತಿನ ಮೂಳೆಗಳು ಒಕಾಪಿಗೂ ಜಿರಾಫೆಗೂ ನಡುವಿನ ಅಳತೆಯವು. ಕತ್ತು ಹಂತಹಂತವಾಗಿ ಬೆಳೆದದ್ದಕ್ಕೆ ಅವೇ ಪುರಾವೆ.

ಬೆಳೆದದ್ದು ಏಕೆ ಎಂಬ ಪ್ರಶ್ನೆಗೆ ಮಾತ್ರ ಎಲ್ಲರೂ ಒಪ್ಪಿದ ಉತ್ತರ ಬಂದಿಲ್ಲ. ಎತ್ತರದ ಎಲೆಗೆ ಚಾಚಿ ಚಾಚಿ ಕತ್ತು ಉದ್ದವಾಯಿತು, ಆ ಉದ್ದ ಮರಿಗೂ ದಾಟಿತು ಎಂದು ಫ್ರಾನ್ಸಿನ ಲಾಮಾರ್ಕ್ ಭಾವಿಸಿದ್ದರು. ಡಾರ್ವಿನ್ ಪ್ರಕಾರ ಬರಗಾಲದಲ್ಲಿ ಬೇರೆಯವಕ್ಕಿಂತ ಒಂದೆರಡು ಅಂಗುಲ ಎತ್ತರಕ್ಕೆ ಬಾಯಿ ಹಾಕಬಲ್ಲವೇ ಬದುಕುಳಿದು ಮರಿ ಮಾಡಿದವು. 1996ರಲ್ಲಿ ಇಬ್ಬರು ಸಂಶೋಧಕರು ಬೇರೆ ವಾದ ಹೂಡಿದರು: ಜಿರಾಫೆಗಳು ಎಷ್ಟೋ ಹೊತ್ತು ಹೆಗಲಿನ ಮಟ್ಟದ ಎಲೆಯನ್ನೇ ಮೇಯುತ್ತವೆ, ಕತ್ತು ಬೆಳೆದದ್ದು ಗಂಡುಗಳ ಕಾದಾಟಕ್ಕಾಗಿ. 2007ರಲ್ಲಿ ದಕ್ಷಿಣ ಆಫ್ರಿಕಾದ ಕ್ರೂಗರ್ ಪ್ರದೇಶದ ಅಧ್ಯಯನ ಮತ್ತೆ ಡಾರ್ವಿನ್ ಕಡೆಗೆ ತಕ್ಕಡಿ ವಾಲಿಸಿತು. ಸಣ್ಣ ಪ್ರಾಣಿಗಳು ಕೆಳಗಿನ ಎಲೆಯನ್ನೆಲ್ಲ ಮುಗಿಸುವುದರಿಂದ, ಮೇಲಕ್ಕೆ ಹೋದಷ್ಟೂ ಒಂದು ತುತ್ತಿಗೆ ಹೆಚ್ಚು ಎಲೆ ಸಿಗುತ್ತದೆ. ದೇಹದ ಅಳತೆಗೆ ಹೋಲಿಸಿದರೆ ಹೆಣ್ಣಿನ ಕತ್ತೇ ಹೆಚ್ಚು ಉದ್ದ ಎಂದು 2024ರ ಅಧ್ಯಯನವೊಂದು ಹೇಳಿತು. ಬಸುರು, ಬಾಣಂತನಗಳಲ್ಲೇ ಆಯುಸ್ಸಿನ ಬಹುಭಾಗ ಕಳೆಯುವ ಹೆಣ್ಣಿಗೆ ಆಹಾರ ಹೆಚ್ಚು ಬೇಕು. ಅಷ್ಟರ ಮಟ್ಟಿಗೆ ಮೇವಿನ ವಾದವೇ ಹೆಚ್ಚು ಬಲವಾಗಿ ಕಾಣುತ್ತದೆ. ಸಿಕ್ಕಿದ ಕತ್ತನ್ನು ಗಂಡುಗಳು ಜಗಳಕ್ಕೂ ಬಳಸಿಕೊಂಡಿರಬಹುದು.

ಜಿರಾಫೆಯ ಮೇವು ಮುಖ್ಯವಾಗಿ ಆಫ್ರಿಕಾದ ಜಾಲಿ ಮರಗಳ ಎಲೆ. ಹಸುವಿನಂತೆ ಇದಕ್ಕೂ ನಾಲ್ಕು ಕೋಣೆಯ ಹೊಟ್ಟೆ, ಮೆಲುಕು ಹಾಕುವ ಅಭ್ಯಾಸ. ಮೆಲುಕಿನ ಉಂಡೆ ಉದ್ದ ಕತ್ತಿನ ಚರ್ಮದಡಿ ಕೆಳಗಿನಿಂದ ಮೇಲಕ್ಕೆ ಜಾರುವುದು ಹೊರಗಿನಿಂದಲೇ ಕಾಣುತ್ತದೆ. ನಾಲಗೆ ಒಂದೂವರೆ ಅಡಿ ಉದ್ದ, ತುದಿಯ ಕಡೆ ಕಪ್ಪು ಮಿಶ್ರಿತ ನೇರಳೆ. ದಿನವಿಡೀ ಹೊರಗೆ ಚಾಚಿರುವ ನಾಲಗೆಗೆ ಈ ಬಣ್ಣ ಬಿಸಿಲಿನಿಂದ ರಕ್ಷಣೆ ಕೊಡುತ್ತದೆ ಎಂಬ ಊಹೆಯಿದೆ. ಬೆರಳುದ್ದದ ಮುಳ್ಳುಗಳ ನಡುವೆ ಅದನ್ನು ತೂರಿಸಿ, ಟೊಂಗೆಗೆ ಸುತ್ತಿ, ತಲೆಯನ್ನು ಹಿಂದಕ್ಕೆಳೆದು ಎಲೆಯನ್ನಷ್ಟೇ ಸವರಿಕೊಳ್ಳುತ್ತದೆ. ಕೆಳದವಡೆಯ ಕೋರೆಹಲ್ಲಿನ ತುದಿ ಎರಡಾಗಿ ಸೀಳಿರುವುದು ಈ ಸವರುವ ಕೆಲಸಕ್ಕೆ ಅನುಕೂಲ.

ಮರ ಸುಮ್ಮನೆ ಕೊಡುವುದಿಲ್ಲ. ಪೂರ್ವ ಆಫ್ರಿಕಾದ ಕಪ್ಪು ಮಣ್ಣಿನ ಬಯಲಲ್ಲಿ ಬೆಳೆಯುವ ಒಂದು ಜಾತಿಯ ಜಾಲಿಯಲ್ಲಿ ಮುಳ್ಳಿನ ಬುಡ ಉಬ್ಬಿ ಟೊಳ್ಳು ಗುಂಡಾಗಿರುತ್ತದೆ. ಇರುವೆಗಳು ಅದನ್ನು ಕೊರೆದು ಒಳಗೆ ಸಂಸಾರ ಹೂಡುತ್ತವೆ. ಗಾಳಿ ಬೀಸಿದಾಗ ಆ ತೂತುಗಳಿಂದ ಸಿಳ್ಳೆ ಹೊಮ್ಮುತ್ತದೆ. ಇರುವೆಗೆ ವಾಸಕ್ಕೆ ಮನೆ, ಎಲೆಯ ಬುಡದಲ್ಲಿ ಒಸರುವ ಸಿಹಿ ರಸ. ಬದಲಿಗೆ ಅವು ಮೇಯಲು ಬಂದ ಮೂತಿಯ ಮೇಲೆ ಮುಗಿಬಿದ್ದು ಕಚ್ಚುತ್ತವೆ. ಕೆನ್ಯಾದ ಲೈಕಿಪಿಯಾದಲ್ಲಿ ಸಂಶೋಧಕರು ಇಂಥ ಮರಗಳ ಕೆಲವು ಪಟ್ಟಿಗಳಿಗೆ ಬೇಲಿ ಹಾಕಿ ಜಿರಾಫೆ, ಆನೆ ಮುಂತಾದ ದೊಡ್ಡ ಪ್ರಾಣಿಗಳು ಒಳಬಾರದಂತೆ ಮಾಡಿದರು. ಹತ್ತು ವರ್ಷ ಕಳೆಯುವಷ್ಟರಲ್ಲಿ ಮರಗಳ ನಡತೆ ಬದಲಾಗಿತ್ತು. ಮೇಯುವವರೇ ಇಲ್ಲದ ಮೇಲೆ ಕಾವಲಿಗೇಕೆ ಖರ್ಚು ಎಂಬಂತೆ ಅವು ಸಿಹಿ ರಸ ಕಡಿಮೆ ಮಾಡಿದ್ದವು, ಟೊಳ್ಳು ಮುಳ್ಳನ್ನೂ ಕಡಿಮೆ ಬಿಟ್ಟಿದ್ದವು. ಕಾವಲಿನ ಇರುವೆ ಕ್ಷೀಣಿಸಿತು. ಆ ಜಾಗಕ್ಕೆ ಇನ್ನೊಂದು ಜಾತಿಯ ಇರುವೆ ಬಂತು. ಇದಕ್ಕೆ ವಾಸ ಕಾಂಡ ಕೊರೆಯುವ ಜೀರುಂಡೆಯ ಬಿಲಗಳಲ್ಲಿ, ಆದ್ದರಿಂದ ಜೀರುಂಡೆ ಬಂದರೆ ಅದಕ್ಕೆ ಒಳ್ಳೆಯದೇ. ಮೇಯುವ ಬಾಯಿಂದ ತಪ್ಪಿಸಿಕೊಂಡ ಮರಗಳು ನಿಧಾನ ಬೆಳೆದವು, ಹೆಚ್ಚು ಸತ್ತವು. 2008ರಲ್ಲಿ ಪ್ರಕಟವಾದ ಈ ಪ್ರಯೋಗದ ಪಾಠ ದೊಡ್ಡದು: ಎಲೆ ತಿನ್ನುವ ಜಿರಾಫೆ ಇಲ್ಲವಾದರೆ ಮರಕ್ಕೂ ಕೇಡು.

ಎಲೆಯಲ್ಲೇ ಬೇಕಾದಷ್ಟು ನೀರಿನಂಶ ಸಿಗುವುದರಿಂದ ಜಿರಾಫೆ ದಿನಗಟ್ಟಲೆ ನೀರಿಲ್ಲದೆ ಇರಬಲ್ಲದು. ಕಾಲಗಲಿಸಿ ಬಗ್ಗಿದ ಗಳಿಗೆಯಲ್ಲೇ ಸಿಂಹ ಎರಗುವ ಅಪಾಯ ಹೆಚ್ಚಾದ್ದರಿಂದ ಇದು ದೊಡ್ಡ ಅನುಕೂಲ. ಅಷ್ಟು ದೊಡ್ಡ ಎಲುಬುಗೂಡಿಗೆ ಸುಣ್ಣ, ರಂಜಕ ಎಲೆಯಿಂದ ಮಾತ್ರ ಸಾಲದೆ ಬಂದಾಗ ಸತ್ತ ಪ್ರಾಣಿಯ ಮೂಳೆಯನ್ನು ಬಾಯಿಗೆ ಹಾಕಿಕೊಂಡು ಬಹಳ ಹೊತ್ತು ಚೀಪುತ್ತ, ಅಗಿಯುತ್ತ ನಿಲ್ಲುವುದುಂಟು. ನಿದ್ದೆ ತುಂಡುತುಂಡು. ಮೃಗಾಲಯದ ಜಿರಾಫೆಗಳು ದಿನಕ್ಕೆ ಸುಮಾರು ನಾಲ್ಕೂವರೆ ಗಂಟೆ ಮಲಗುವುದನ್ನು ದಾಖಲಿಸಲಾಗಿದೆ. ಗಾಢ ನಿದ್ದೆ ಬಂದಾಗ ನೆಲದಲ್ಲಿ ಕೂತು, ಕತ್ತನ್ನು ಹಿಂದಕ್ಕೆ ಬಾಗಿಸಿ, ತಲೆಯನ್ನು ತನ್ನದೇ ತೊಡೆಯ ಮೇಲೆ ಇಟ್ಟುಕೊಳ್ಳುತ್ತದೆ. ಆ ಭಂಗಿ ಕೆಲವೇ ನಿಮಿಷ.

ಮೈಮೇಲಿನ ಕಂದು ಮಚ್ಚೆಗಳ ವಿನ್ಯಾಸ ಯಾವ ಎರಡು ಜಿರಾಫೆಗಳಲ್ಲೂ ಒಂದೇ ತೆರನಾಗಿರುವುದಿಲ್ಲ. ಫೋಟೊ ಹೋಲಿಸಿ ಒಂದೊಂದನ್ನೂ ಗುರುತಿಡಲು ಸಂಶೋಧಕರಿಗೆ ಇದೇ ಆಧಾರ. ಟಾಂಜಾನಿಯಾದ ತರಂಗಿರೆ ಪ್ರದೇಶದಲ್ಲಿ ತಾಯಿ ಮತ್ತು ಕರುಗಳ ಫೋಟೊಗಳನ್ನು ಹೋಲಿಸಿದಾಗ, ಮಚ್ಚೆ ಎಷ್ಟು ದುಂಡಗಿದೆ, ಅಂಚು ಎಷ್ಟು ನಯವಾಗಿದೆ ಎಂಬಂಥ ಲಕ್ಷಣಗಳು ತಾಯಿಯಿಂದ ಬರುತ್ತವೆ ಎಂದು 2018ರಲ್ಲಿ ತಿಳಿಯಿತು. ಕೆಲವು ಬಗೆಯ ಮಚ್ಚೆಯಿರುವ ಕರುಗಳು ಮೊದಲ ತಿಂಗಳುಗಳಲ್ಲಿ ಹೆಚ್ಚು ಬದುಕುಳಿದದ್ದೂ ಕಂಡಿತು. ಗಿಡಗಳ ನೆರಳುಬೆಳಕಿನಲ್ಲಿ ಅಡಗಿಕೊಳ್ಳಲು ಮಚ್ಚೆ ನೆರವಾಗುತ್ತದೆ. ಪ್ರತಿ ಮಚ್ಚೆಯಡಿಯ ರಕ್ತನಾಳಗಳ ಜಾಲ ದೇಹದ ಬಿಸಿಯನ್ನು ಹೊರಹಾಕುತ್ತದೆ ಎಂದೂ ನಂಬಲಾಗಿದೆ. ಗಂಡು ಜಿರಾಫೆಯ ಮೈವಾಸನೆ ದೂರದಿಂದಲೇ ಮೂಗಿಗೆ ಬಡಿಯುತ್ತದೆ. ಕೂದಲಲ್ಲಿರುವ ಇಂಡೋಲ್, ಸ್ಕಾಟೋಲ್‌ನಂಥ ರಾಸಾಯನಿಕಗಳು ಅದಕ್ಕೆ ಕಾರಣ. ಇವುಗಳಲ್ಲಿ ಕೆಲವಕ್ಕೆ ಸೂಕ್ಷ್ಮಜೀವಿಗಳನ್ನೂ ಉಣ್ಣೆಗಳನ್ನೂ ದೂರವಿಡುವ ಗುಣವಿದೆ.

ಹೆಣ್ಣು ಗಬ್ಬ ಹೊರುವುದು ಸುಮಾರು 15 ತಿಂಗಳು. ಈಯುವುದು ನಿಂತುಕೊಂಡೇ. ಕರು ಆರಡಿ ಮೇಲಿನಿಂದ ನೆಲಕ್ಕೆ ಬೀಳುತ್ತದೆ. ಹುಟ್ಟಿದಾಗಲೇ ಅದರ ಎತ್ತರ ಆಳುದ್ದ. ಗಂಟೆ ಕಳೆಯುವುದರೊಳಗೆ ನಡುಗುತ್ತ ಎದ್ದು ನಿಂತು ಮೊಲೆ ಹುಡುಕುತ್ತದೆ. ತಲೆಯ ಮೇಲಿನ ಎರಡು ಮೃದ್ವಸ್ಥಿಯ ಕೊಂಬುಗಳು ಹೆರಿಗೆಯ ಹೊತ್ತಿಗೆ ಅಡ್ಡ ಬಾರದಂತೆ ಮಡಿಸಿಕೊಂಡಿದ್ದು, ಆಮೇಲೆ ನೆಟ್ಟಗಾಗಿ, ಗಟ್ಟಿಯಾಗಿ, ಬುರುಡೆಗೆ ಬೆಸೆದುಕೊಳ್ಳುತ್ತವೆ. ಸಿಂಹ, ಕತ್ತೆಕಿರುಬಗಳ ಕಾಟದಿಂದ ಹಲವು ಕಡೆ ಅರ್ಧದಷ್ಟು ಕರುಗಳು ವರ್ಷ ತುಂಬುವ ಮೊದಲೇ ಸಾಯುತ್ತವೆ. ತಾಯಂದಿರು ಕರುಗಳನ್ನು ಒಂದೆಡೆ ಬಿಟ್ಟು ಸರದಿಯಂತೆ ಮೇವಿಗೆ ಹೋಗುವುದು, ಒಬ್ಬಿಬ್ಬರು ಕಾವಲಿರುವುದು ಸಾಮಾನ್ಯ ದೃಶ್ಯ. ಬೆಳೆದ ಜಿರಾಫೆಯ ಒಂದು ಒದೆತಕ್ಕೆ ಸಿಂಹ ಸತ್ತದ್ದುಂಟು. ಓಡಿದರೆ ಗಂಟೆಗೆ 55 ಕಿಲೊಮೀಟರ್ ವೇಗ. ಕಣ್ಣು ದೊಡ್ಡದು, ನೋಟ ಬಹುದೂರ. ಹತ್ತಿರದಲ್ಲಿ ಜಿರಾಫೆಯಿದ್ದರೆ ಜೀಬ್ರಾಗಳು ತಾವು ತಲೆಯೆತ್ತಿ ನೋಡುವುದನ್ನು ಕಡಿಮೆ ಮಾಡುತ್ತವೆ, ಮೇಲಿನ ಕಾವಲನ್ನೇ ನಂಬಿ ಮೇಯುತ್ತವೆ.

ಜಿರಾಫೆಗಳಿಗೆ ಗುಂಪಿನ ಬಾಂಧವ್ಯವೇ ಇಲ್ಲ, ಎದುರಾದಾಗ ಸೇರಿ ಆಮೇಲೆ ಚದುರುತ್ತವೆ ಎಂದೇ ಹಿಂದಿನವರು ಬರೆದಿದ್ದರು. ವರ್ಷಗಟ್ಟಲೆ ಒಂದೊಂದನ್ನೂ ಗುರುತಿಟ್ಟು ಹಿಂಬಾಲಿಸಿದ ಮೇಲೆ ಬೇರೆಯೇ ಚಿತ್ರ ಬಂತು. ಗುಂಪು ಒಡೆಯುತ್ತ ಕೂಡುತ್ತ ಇರುವುದು ನಿಜ. ಅದರೊಳಗೆ ತಾಯಿ, ಮಗಳು, ಗೆಳತಿಯರ ನಂಟು ಬಹುಕಾಲ ಬಾಳುತ್ತದೆ. ಹೆಣ್ಣು ಈಯುವುದು ನಿಂತ ಮೇಲೂ ಆಯುಸ್ಸಿನ ಶೇ 30ರಷ್ಟು ಕಾಲ ಬದುಕಬಹುದು ಎಂದು ಬ್ರಿಸ್ಟಲ್ ವಿಶ್ವವಿದ್ಯಾಲಯದ ಸಂಶೋಧಕರು 2021ರಲ್ಲಿ ಲೆಕ್ಕ ಹಾಕಿದರು. ಆನೆಗಳಲ್ಲಿ ಇರುವಂತೆ ಇಲ್ಲಿಯೂ ಅಜ್ಜಿಯರಿಂದ ಮೊಮ್ಮಕ್ಕಳಿಗೆ ಉಪಕಾರವಿರಬೇಕು ಎಂಬುದು ಅವರ ಅನುಮಾನ. ಮೂಕಪ್ರಾಣಿ ಎಂಬ ಹೆಸರೂ ಪೂರ್ತಿ ನಿಜವಲ್ಲ. ಯುರೋಪಿನ ಮೂರು ಮೃಗಾಲಯಗಳಲ್ಲಿ ರಾತ್ರಿಯೆಲ್ಲ ಧ್ವನಿಮುದ್ರಣ ಮಾಡಿದಾಗ ತಗ್ಗಿದ ಗುನುಗು ಕೇಳಿಬಂದದ್ದು 2015ರಲ್ಲಿ ವರದಿಯಾಯಿತು. ಅದರಿಂದ ಅವು ಏನು ಹೇಳಿಕೊಳ್ಳುತ್ತವೆ ಎಂಬುದನ್ನು ಇನ್ನೂ ಕಂಡುಹಿಡಿಯಬೇಕಾಗಿದೆ.

ಗಂಡುಗಳ ಕಾದಾಟ ನೋಡಿದವರು ಮರೆಯುವಂಥದ್ದಲ್ಲ. ಎರಡು ಗಂಡುಗಳು ಪಕ್ಕಪಕ್ಕ ನಿಂತು, ಕಾಲು ಊರಿ, ಕತ್ತನ್ನು ಹಿಂದಕ್ಕೆ ಬಾಗಿಸಿ ಬೀಸಿ, ಎದುರಾಳಿಯ ಹೊಟ್ಟೆಗೋ ಕಾಲಿಗೋ ತಲೆಯಿಂದ ಅಪ್ಪಳಿಸುತ್ತವೆ. ವಯಸ್ಸಾದಂತೆ ಗಂಡಿನ ಬುರುಡೆಯ ಮೇಲೆ ಮೂಳೆ ಪದರಪದರವಾಗಿ ಸೇರುತ್ತ ತಲೆ ಭಾರವಾಗುತ್ತದೆ. ಕೊಂಬಿನ ತುದಿಯ ಕೂದಲು ಸವೆದು ಬೋಳಾಗಿದ್ದರೆ ಅದು ಗಂಡು, ಕುಚ್ಚು ಇದ್ದರೆ ಬಹುತೇಕ ಹೆಣ್ಣು. ಎಳೆಯ ಗಂಡುಗಳು ಆಟಕ್ಕೆಂಬಂತೆ ಮೆಲ್ಲಗೆ ಕತ್ತಿಗೆ ಕತ್ತು ಉಜ್ಜುತ್ತ ಗಂಟೆಗಟ್ಟಲೆ ಕಳೆಯುವುದೂ ಇದೆ. ಹೆಣ್ಣು ಬೆದೆಗೆ ಬಂದಿದೆಯೇ ಎಂದು ತಿಳಿಯಲು ಗಂಡು ಅದರ ಹಿಂಭಾಗವನ್ನು ಮೂತಿಯಿಂದ ತಟ್ಟುತ್ತದೆ. ಹೆಣ್ಣು ಒಪ್ಪಿ ಮೂತ್ರ ಬಿಟ್ಟರೆ ಅದನ್ನು ನಾಲಗೆಯಲ್ಲಿ ಹಿಡಿದು, ಮೇಲ್ದುಟಿ ಸುರುಟಿ, ವಾಸನೆ ಪರೀಕ್ಷಿಸುತ್ತದೆ.

ಮನುಷ್ಯ ಜಿರಾಫೆಗೆ ಮರುಳಾದದ್ದು ಇಂದು ನಿನ್ನೆಯಲ್ಲ. ನೈಜರ್ ದೇಶದ ದಾಬೂ ಎಂಬಲ್ಲಿ ಬಂಡೆಯ ಮೇಲೆ ಸಾವಿರಾರು ವರ್ಷಗಳ ಹಿಂದೆ ಕೊರೆದ ಎರಡು ಜಿರಾಫೆಗಳಿವೆ. ದೊಡ್ಡದು ಐದು ಮೀಟರಿಗೂ ಮೀರಿದೆ, ಅಂದರೆ ಜೀವಂತ ಗಂಡಿನ ಎತ್ತರವೇ. ಸಹಾರ ಹಸಿರಾಗಿದ್ದ ಕಾಲದ ಕೆಲಸ ಅದು. ಕಲಹಾರಿಯ ಸಾನ್ ಜನರ ಚಿಕಿತ್ಸಾ ನೃತ್ಯಗಳಲ್ಲಿ ಜಿರಾಫೆಯ ಹಾಡೂ ಒಂದು. ಕ್ರಿ.ಪೂ. 46ರಲ್ಲಿ ಜೂಲಿಯಸ್ ಸೀಸರ್ ತನ್ನ ವಿಜಯೋತ್ಸವಕ್ಕೆ ರೋಮಿಗೆ ಒಂದನ್ನು ತರಿಸಿದ. ಒಂಟೆಯ ಮೈ, ಚಿರತೆಯ ಮಚ್ಚೆ ಎಂದು ಬೆರಗಾದ ರೋಮನ್ನರು ಕರೆದ ಹೆಸರು ಇಂದಿಗೂ ಅದರ ವೈಜ್ಞಾನಿಕ ಹೆಸರಿನಲ್ಲಿ ಉಳಿದಿದೆ. ಒಡಿಶಾದ ಕೋನಾರ್ಕ್ ಸೂರ್ಯದೇವಾಲಯದ ಜಗುಲಿಯಲ್ಲಿ ಆನೆಯೇರಿದ ರಾಜನ ಮುಂದೆ ಜಿರಾಫೆ ನಿಂತಿರುವ ಶಿಲ್ಪವಿದೆ. 13ನೇ ಶತಮಾನದಲ್ಲೇ ಭಾರತದ ಕರಾವಳಿಗೂ ಆಫ್ರಿಕಾಕ್ಕೂ ಇದ್ದ ವ್ಯಾಪಾರದ ನಂಟಿಗೆ ಇದು ಗುರುತು. 1414ರಲ್ಲಿ ಬಂಗಾಳದ ಸುಲ್ತಾನ ತನಗೆ ಆಫ್ರಿಕಾದಿಂದ ಬಂದಿದ್ದ ಜಿರಾಫೆಯೊಂದನ್ನು ಚೀನಾದ ಯೋಂಗ್ಲೆ ಚಕ್ರವರ್ತಿಗೆ ಕಾಣಿಕೆಯಾಗಿ ಕಳಿಸಿದ. ಧರ್ಮವಂತ ದೊರೆ ಆಳುವಾಗ ಮಾತ್ರ ಕಾಣಿಸಿಕೊಳ್ಳುತ್ತದೆ ಎನ್ನುವ ಪುರಾಣದ ಚಿಲಿನ್ ಮೃಗವೇ ಇದು ಎಂದು ಆಸ್ಥಾನದವರು ಕೊಂಡಾಡಿದರು. ಆಸ್ಥಾನದ ಶೆನ್ ದು ಅದನ್ನು ಹೊಗಳಿ ಬರೆದ ಚಿತ್ರಪಟದ ಪ್ರತಿಗಳು ಇಂದಿಗೂ ಉಳಿದಿವೆ.

ಯುರೋಪಿಗೆ ಹುಚ್ಚು ಹಿಡಿಸಿದ ಜಿರಾಫೆ 1826ರಲ್ಲಿ ಬಂತು. ಈಜಿಪ್ಟಿನ ಮುಹಮ್ಮದ್ ಅಲಿ ಪಾಷಾ ಫ್ರಾನ್ಸಿನ ಹತ್ತನೇ ಚಾರ್ಲ್ಸ್ ದೊರೆಗೆ ಕಳಿಸಿದ ಕಾಣಿಕೆ ಅದು. ಸುಡಾನಿನಲ್ಲಿ ಎಳೆಯ ಕರುವಾಗಿದ್ದಾಗಲೇ ಹಿಡಿದು, ನೈಲ್ ನದಿಯಲ್ಲಿ ದೋಣಿಯ ಮೇಲೆ ಇಳಿಸಿ, ಅಲೆಕ್ಸಾಂಡ್ರಿಯಾದಿಂದ ಹಡಗು ಹತ್ತಿಸಿದರು. ಕತ್ತು ನಿಲ್ಲಲೆಂದು ಹಡಗಿನ ಅಟ್ಟಕ್ಕೆ ತೂತು ಕೊರೆಯಬೇಕಾಯಿತು. ಹಾಲಿಗಾಗಿ ಜೊತೆಯಲ್ಲಿ ಹಸುಗಳೂ ಬಂದವು. ಮಾರ್ಸೇಲ್‌ನಲ್ಲಿ ಚಳಿಗಾಲ ಕಳೆದ ಮೇಲೆ 1827ರ ಮೇ 20ರಂದು ಪ್ಯಾರಿಸಿಗೆ ಕಾಲ್ನಡಿಗೆ ಶುರು. ಮುಂದಾಳು 55 ವರ್ಷದ ಪ್ರಾಣಿವಿಜ್ಞಾನಿ ಎತಿಯೆನ್ ಜೋಫ್ರಾ ಸೇಂಟ್ ಇಲೇರ್. ಮಳೆಗೆ ನೆನೆಯದಂತೆ ಅದಕ್ಕೊಂದು ಮೇಣಗಪ್ಪಡದ ಹೊದಿಕೆ ಹೊಲಿಸಿದ್ದರು. ಊರೂರಲ್ಲಿ ಜನ ರಸ್ತೆಗಿಳಿದರು. ಸುಮಾರು 880 ಕಿಲೊಮೀಟರ್ ನಡೆದು ಜೂನ್ 30ರಂದು ಪ್ಯಾರಿಸ್ ತಲಪಿದ ಅದು ದೊರೆಯ ಕೈಯಿಂದ ಗುಲಾಬಿ ದಳ ತಿಂದಿತು. ಆ ವರ್ಷ ಪ್ಯಾರಿಸಿನ ಹೆಂಗಸರ ತುರುಬು ಜಿರಾಫೆಯ ಕೊಂಬಿನಂತೆ ಮೇಲೆದ್ದಿತು, ಬಟ್ಟೆ, ತಟ್ಟೆ, ಗೋಡೆಕಾಗದಗಳ ಮೇಲೆ ಮಚ್ಚೆ ಮೂಡಿತು. ಕಾಣಿಕೆಯ ಹಿಂದಿದ್ದ ಪಾಷಾನ ರಾಜಕೀಯ ಲೆಕ್ಕಾಚಾರ ಮಾತ್ರ ಫಲಿಸಲಿಲ್ಲ. ಅದೇ ಅಕ್ಟೋಬರಿನಲ್ಲಿ ನವಾರಿನೊ ಕದನದಲ್ಲಿ ಫ್ರಾನ್ಸ್, ಬ್ರಿಟನ್, ರಷ್ಯಾ ಸೇರಿ ಅವನ ನೌಕಾಬಲವನ್ನು ನಾಶಮಾಡಿದವು. ಪ್ಯಾರಿಸಿನ ಸಸ್ಯೋದ್ಯಾನದಲ್ಲಿ ನೆಲೆಗೊಂಡ ಜಿರಾಫೆ 1845ರವರೆಗೆ ಬದುಕಿತು. ಹುಲ್ಲು ತುಂಬಿದ ಅದರ ದೇಹ ಈಗ ಲಾ ರೊಷೆಲ್ ನಗರದ ವಸ್ತುಸಂಗ್ರಹಾಲಯದಲ್ಲಿದೆ.

ಇಷ್ಟೆಲ್ಲ ನೋಡಿದ ಮನುಷ್ಯ ಅದನ್ನು ಅರಿಯಲು ಹೊರಟದ್ದು ತಡವಾಗಿ. ಕಾಡಿನ ಜಿರಾಫೆಯ ಬದುಕನ್ನು ಮೊದಲ ಬಾರಿಗೆ ಕ್ರಮವಾಗಿ ಅಧ್ಯಯನ ಮಾಡಿದವರು ಕೆನಡಾದ ಆ್ಯನ್ ಇನಿಸ್ ಡ್ಯಾಗ್. 1956ರಲ್ಲಿ, 23ನೇ ವಯಸ್ಸಿಗೆ, ಒಬ್ಬರೇ ದಕ್ಷಿಣ ಆಫ್ರಿಕಾಕ್ಕೆ ಹೋದರು. ಜೇನ್ ಗುಡಾಲ್ ಚಿಂಪಾಂಜಿಗಳತ್ತ ಹೊರಟಿದ್ದು ಅದಕ್ಕೂ ನಾಲ್ಕು ವರ್ಷದ ಆಮೇಲೆ. ಹೆಂಗಸೆಂದು ತಿಳಿದರೆ ಅವಕಾಶ ಸಿಗದೆಂದು ಪತ್ರದಲ್ಲಿ ಪೂರ್ತಿ ಹೆಸರು ಬರೆಯದೆ ‘ಎ. ಇನಿಸ್’ ಎಂದಷ್ಟೇ ಸಹಿ ಹಾಕಿದ್ದರು. ಹಳೆಯ ಕಾರಿನೊಳಗೆ ಬಿಸಿಲಲ್ಲಿ ಕೂತು, ಯಾವುದು ಯಾವ ಗಿಡ ಮೇಯಿತು, ಹೇಗೆ ನಡೆಯಿತು ಎಂದು ಗಂಟೆಗಟ್ಟಲೆ ಟಿಪ್ಪಣಿ ಮಾಡಿದರು. 1976ರಲ್ಲಿ ಬ್ರಿಸ್ಟಲ್ ಫಾಸ್ಟರ್ ಜೊತೆ ಬರೆದ ಅವರ ಪುಸ್ತಕ ದಶಕಗಳ ಕಾಲ ಈ ವಿಷಯಕ್ಕೆ ಮೂಲಗ್ರಂಥವಾಗಿತ್ತು. ಅರ್ಹತೆಯಿದ್ದರೂ 1970ರ ದಶಕದಲ್ಲಿ ಗ್ವೆಲ್ಫ್ ವಿಶ್ವವಿದ್ಯಾಲಯ ಅವರಿಗೆ ಕಾಯಂ ಹುದ್ದೆ ನಿರಾಕರಿಸಿತ್ತು. 2019ರಲ್ಲಿ ಕ್ಷಮೆ ಕೇಳಿತು. 2024ರಲ್ಲಿ ಅವರು ತೀರಿಕೊಂಡರು.

ಭಾರತದಲ್ಲಿ ಜಿರಾಫೆ ಕಾಣುವುದು ಮೃಗಾಲಯಗಳಲ್ಲಿ ಮಾತ್ರ. ಮೈಸೂರಿನ ಶ್ರೀ ಚಾಮರಾಜೇಂದ್ರ ಮೃಗಾಲಯದಲ್ಲಿ ಅವು ಮರಿ ಹಾಕಿ ಬೆಳೆದಿವೆ. ಕರ್ನಾಟಕದ ಎಷ್ಟೋ ಮಕ್ಕಳು ಮೊದಲ ಜಿರಾಫೆ ನೋಡುವುದು ಅಲ್ಲೇ. ಮೃಗಾಲಯ, ಆಟಿಕೆ, ಚಿತ್ರಪುಸ್ತಕಗಳಲ್ಲಿ ಎಲ್ಲೆಲ್ಲೂ ಕಾಣುವುದರಿಂದಲೇ ಕಾಡಿನಲ್ಲೂ ಬೇಕಾದಷ್ಟಿವೆ ಎಂಬ ಭಾವನೆ ಬೆಳೆಯಿತೇನೊ. 1980ರ ದಶಕದಲ್ಲಿ ಒಂದೂವರೆ ಲಕ್ಷಕ್ಕೂ ಹೆಚ್ಚಿದ್ದ ಜಿರಾಫೆಗಳು 2015ರ ಹೊತ್ತಿಗೆ ಒಂದು ಲಕ್ಷಕ್ಕಿಂತ ಕೆಳಗಿಳಿದಿದ್ದವು. ಆನೆ, ಘೇಂಡಾಮೃಗಗಳ ಬೇಟೆಯ ಬಗ್ಗೆ ಜಗತ್ತು ಮಾತಾಡುತ್ತಿದ್ದಾಗ ಇದು ಸದ್ದಿಲ್ಲದೆ ನಡೆದುಹೋಯಿತು. 2016ರಲ್ಲಿ ಅಂತರರಾಷ್ಟ್ರೀಯ ಪ್ರಕೃತಿ ಸಂರಕ್ಷಣಾ ಒಕ್ಕೂಟ ಅದನ್ನು ಅಪಾಯಕ್ಕೆ ಸಿಲುಕಬಹುದಾದ ಪ್ರಾಣಿಗಳ ಪಟ್ಟಿಗೆ ಸೇರಿಸಿತು. ಕಾಡು ಕಡಿದು ಹೊಲ ಮಾಡುವುದು, ಒಳಯುದ್ಧ, ಮಾಂಸಕ್ಕಾಗಿ ಹಾಕುವ ತಂತಿ ಉರುಳು, ಬಳೆ ಮತ್ತು ಚಾಮರಕ್ಕೆ ಬಳಸುವ ಬಾಲದ ಕೂದಲು, ಇವೆಲ್ಲ ಕಾರಣಗಳು.

ಇದೇ ಹೊತ್ತಿಗೆ ಇನ್ನೊಂದು ಸಂಗತಿ ಹೊರಬಿತ್ತು. ಎಲ್ಲ ಜಿರಾಫೆಗಳೂ ಒಂದೇ ಪ್ರಭೇದ ಎಂದು ಎರಡು ಶತಮಾನಕ್ಕೂ ಮಿಕ್ಕಿ ನಂಬಿಕೆಯಿತ್ತು. ಆಫ್ರಿಕಾದ ಉದ್ದಗಲದಿಂದ ತಂದ ಚರ್ಮದ ಚೂರುಗಳ ವಂಶವಾಹಿ ಪರೀಕ್ಷಿಸಿದ ತಂಡ 2016ರಲ್ಲಿ ನಾಲ್ಕು ಪ್ರಭೇದಗಳಿವೆ ಎಂದು ಸಾರಿತು. ವಾದವಿವಾದಗಳ ನಂತರ 2025ರಲ್ಲಿ ಒಕ್ಕೂಟ ಅದನ್ನು ಒಪ್ಪಿತು. ದಕ್ಷಿಣದ ಜಿರಾಫೆ ಸುಮಾರು 69 ಸಾವಿರ, ಮಸಾಯಿ ಜಿರಾಫೆ 44 ಸಾವಿರ, ಬಲೆಯಂಥ ಮಚ್ಚೆಯ ಜಾಲರಿ ಜಿರಾಫೆ 21 ಸಾವಿರ, ಉತ್ತರದ ಜಿರಾಫೆ ಬರೀ 7 ಸಾವಿರ. ಒಟ್ಟು ಮೊತ್ತ ಹಿಂದಿಗಿಂತ ಹೆಚ್ಚಾಗಿ ಕಾಣುವುದಕ್ಕೆ ಎಣಿಕೆಯ ವಿಧಾನ ಸುಧಾರಿಸಿದ್ದೂ ಒಂದು ಕಾರಣ. ಎಲ್ಲವನ್ನೂ ಕೂಡಿ ಎಣಿಸುವಾಗ ಉತ್ತರದ ಜಿರಾಫೆಯ ದುಃಸ್ಥಿತಿ ದಕ್ಷಿಣದ ದೊಡ್ಡ ಸಂಖ್ಯೆಯಲ್ಲಿ ಮರೆಯಾಗಿತ್ತು. ಇನ್ನು ನಾಲ್ಕಕ್ಕೂ ಬೇರೆ ಬೇರೆ ಅಂದಾಜು, ಬೇರೆ ಬೇರೆ ಯೋಜನೆ ಬೇಕಾಗುತ್ತದೆ.

ಉಳಿಸುವ ದಾರಿಗಳಲ್ಲಿ ಒಂದು ಅವುಗಳನ್ನು ಸುರಕ್ಷಿತ ಜಾಗಕ್ಕೆ ಸಾಗಿಸುವುದು. ಅದು ಬಲು ನಾಜೂಕಿನ ಕೆಲಸ. ಅರಿವಳಿಕೆಯಲ್ಲಿ ಹೆಚ್ಚು ಹೊತ್ತು ಮಲಗಿದರೆ ಉಸಿರಾಟ, ರಕ್ತದೊತ್ತಡ ಏರುಪೇರಾಗಿ ಜಿರಾಫೆ ಸಾಯಬಹುದು. ಆದ್ದರಿಂದ ಮದ್ದಿನ ಬಾಣ ತಗುಲಿ ಅದು ಬಿದ್ದ ಕೂಡಲೇ ಜನ ಓಡಿಹೋಗಿ ತಲೆ, ಕತ್ತನ್ನು ಅದುಮಿ ಹಿಡಿಯುತ್ತಾರೆ. ಪಶುವೈದ್ಯರು ಆ ಕ್ಷಣವೇ ಪ್ರತಿಮದ್ದು ಚುಚ್ಚುತ್ತಾರೆ. ಕಣ್ಣಿಗೆ ಬಟ್ಟೆ ಕಟ್ಟಿ, ಕಿವಿಗೆ ಅರಳೆ ತುರುಕಿ, ಹಗ್ಗ ಹಾಕಿ, ಪೂರ್ತಿ ಎಚ್ಚರವಿರುವ ಪ್ರಾಣಿಯನ್ನು ನಡೆಸಿಕೊಂಡೇ ಗಾಡಿ ಹತ್ತಿಸುತ್ತಾರೆ. ಕೆನ್ಯಾದ ಬರಿಂಗೊ ಸರೋವರದಲ್ಲಿ ನೀರೇರಿ ದ್ವೀಪವೊಂದರಲ್ಲಿ ಸಿಕ್ಕಿಬಿದ್ದ ಜಿರಾಫೆಗಳನ್ನು 2020ರ ಡಿಸೆಂಬರಿನಿಂದ 2021ರ ಏಪ್ರಿಲಿನವರೆಗೆ ಒಂದೊಂದಾಗಿ ಕಬ್ಬಿಣದ ತೆಪ್ಪದ ಮೇಲೆ ದಡ ಸೇರಿಸಿದರು.

ನೈಜರ್ ದೇಶದ ಅನುಭವ ಇವೆಲ್ಲಕ್ಕಿಂತ ದೊಡ್ಡದು. 1990ರ ದಶಕದ ನಡುವಿನಲ್ಲಿ ಪಶ್ಚಿಮ ಆಫ್ರಿಕಾದ ಜಿರಾಫೆಗಳು ಇಡೀ ಜಗತ್ತಿನಲ್ಲಿ 49 ಮಾತ್ರ ಉಳಿದಿದ್ದವು, ಅಷ್ಟೂ ರಾಜಧಾನಿ ನಿಯಾಮೆಯ ಬಳಿಯ ಕೂರೆ ಎಂಬ ಸೀಮೆಯಲ್ಲಿ. ಅದು ಬೇಲಿ ಹಾಕಿದ ಅಭಯಾರಣ್ಯವಲ್ಲ, ರಾಗಿಯಂಥ ಸಣ್ಣಕಾಳು ಬೆಳೆಯುವ ರೈತರ ಹೊಲಗಳ ನಡುವಿನ ಕುರುಚಲು ಕಾಡು. ಸಿಂಹಗಳು ಅಲ್ಲಿಂದ ಎಂದೋ ಮಾಯವಾಗಿದ್ದವು. ಸರ್ಕಾರ ಬೇಟೆಯನ್ನು ಕಟ್ಟುನಿಟ್ಟಾಗಿ ತಡೆಯಿತು, ಹಳ್ಳಿಗಳಿಗೆ ಸಾಲ, ಬಾವಿ, ಪ್ರವಾಸಿಗರಿಂದ ಬರುವ ಆದಾಯದ ಪಾಲು ಸಿಕ್ಕಿತು, ಊರಿನವರೇ ದಾರಿತೋರುವವರಾದರು. ಕಾಳಿನ ಬೆಳೆಗೆ ಜಿರಾಫೆ ಬಾಯಿ ಹಾಕಿದಾಗ ರೈತರು ಅದನ್ನು ಓಡಿಸುತ್ತಾರೆ, ಕೊಲ್ಲುವುದಿಲ್ಲ. ಈಗ ಅವು 600 ದಾಟಿವೆ. ಒಂದೇ ಜಾಗದಲ್ಲಿ ಎಲ್ಲವೂ ಇದ್ದರೆ ರೋಗವೋ ಬರವೋ ಬಂದಾಗ ಉಳಿಗಾಲವಿಲ್ಲವೆಂದು 2018ರಲ್ಲಿ ಎಂಟು ಜಿರಾಫೆಗಳನ್ನು ಲಾರಿಗಳಲ್ಲಿ ಸುಮಾರು 800 ಕಿಲೊಮೀಟರ್ ದೂರದ ಗಡಬೆಜಿ ಮೀಸಲು ಪ್ರದೇಶಕ್ಕೆ ಒಯ್ದು ಬಿಟ್ಟರು. ಆ ನೆಲದಿಂದ ಜಿರಾಫೆ ಅಳಿದು ಆಗಲೇ ಸುಮಾರು ಐವತ್ತು ವರ್ಷವಾಗಿತ್ತು.